ಬೂಟು ಒರೆಸಿಕೊಂಡ ಯಜಮಾನ

ಚಿನ್ನು, ಪುಟ್ಟೂ, ಅಂದು ನಮ್ಮ ಫೋರ್ಟ್ ಲೀ ಊರಿನ ಲೈಬ್ರರಿಯಲ್ಲಿ ಸಿನಿಮಾ ನೋಡಿ ಬರುವಾಗ ಕಾರಿನಲ್ಲಿ ನೀವು, "ಅಜ್ಜಿ, ವೈ ಆರ್ ಯು ಸೋ ಮ್ಯಾಡ್? ಇಟ್ಸ್ ಜಸ್ಟ್ ಎ ಮೂವಿ" ಎಂದಿರಿ. ಎದುರಿಗೆ ನನಗೆ ಮಾತು ಬರುವುದಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ನಮ್ಮ ಮಹಡಿಯ ಬಿಳಿ ಮುದುಕಿ ನಿಮಗೆ ಗೊತ್ತು. ನಿಮ್ಮ ಅಜ್ಜ ಹೋದ ಮೇಲೆ ನಾನು ಅಮೆರಿಕಕ್ಕೆ ಬಂದಾಗ ಲಿಫ್ಟಿನಲ್ಲಿ ಮೊದಲು ಕೈ ಹಿಡಿದು ಮಾತಾಡಿಸಿದವಳು ಅವಳು. ನನ್ನ ಚಕ್ಕಲಿ ಎಂದರೆ ಅವಳಿಗೆ ಪ್ರಾಣ. ಅವಳ ಅಜ್ಜ ಮೂಕಿ ಸಿನಿಮಾದ ನಟ. ಆಗ ಈ ಊರಲ್ಲೇ ಸಿನಿಮಾ ತೆಗೆಯುತ್ತಿದ್ದರಂತೆ. ನಾಯಕನ ಹಿಂದೆ ತಟ್ಟೆ ಹಿಡಿದು ನಿಲ್ಲುವಂಥ ಪಾತ್ರ ಅವನದು. ಮೊದಲು ಕುದುರೆಯಿಂದ ಬೀಳಲು ಕರೆದರು. ಒಮ್ಮೆ ಮುಖಕ್ಕೆ ಕಂದು ಬಣ್ಣ ಬಳಿದು ಇಂಡಿಯಾದ ಆಳು ಮಾಡಿದರು. ಜನ ನಕ್ಕರು. ಅಲ್ಲಿಂದ ಮುಂದೆ ಜೀವಮಾನವೆಲ್ಲ ಆಳು, ಕಳ್ಳ, ಹಾವಾಡಿಗ. ಮಾತಿನ ಸಿನಿಮಾ ಬಂದಾಗ ಕೆಲಸ ಹೋಯಿತು. ಬಾಯಿ ಬಿಟ್ಟರೆ ಬಣ್ಣ ಬಯಲಾಗುತ್ತಿತ್ತಲ್ಲ!

"ನಮ್ಮಜ್ಜ ನಿಮ್ಮ ಜನರ ಪಾತ್ರವನ್ನೇ ಮಾಡುತ್ತಿದ್ದ" ಎಂದು ಮುದುಕಿ ಹೇಳಿದಾಗ ನನಗೂ ಸಂತೋಷವಾಗಿತ್ತು. ಲೈಬ್ರರಿಯಲ್ಲಿ ಅವನ ಸಿನಿಮಾ ತೋರಿಸುತ್ತಾರೆಂದು ಇಳಕಲ್ ಸೀರೆ ಉಟ್ಟು ನಿಮ್ಮ ಜೊತೆ ನೋಡಲು ಬಂದೆ.

ಪರದೆಯ ಮೇಲೆ ಕಂಡದ್ದೇನು? ಅವಳ ಅಜ್ಜನಿಗೆ ಮಣಿಕಟ್ಟಿನವರೆಗೆ ಬಣ್ಣ, ಅಂಗೈ ಸುಣ್ಣದಂತೆ ಬಿಳಿ. ಬೂಟು ಹಾಕಿಕೊಂಡೇ ದೇವರ ಮುಂದೆ ನಿಂತು ಎಡಗೈಯಲ್ಲಿ ಆರತಿ ಎತ್ತಿದ. ಆಮೇಲೆ ಉಂಗುರ ಕದ್ದು ಸಿಕ್ಕಿಬಿದ್ದ. ಯಜಮಾನನ ಕಾಲಿಗೆ ಬಿದ್ದು ಬೂಟಿಗೆ ಮುತ್ತಿಟ್ಟ. ಯಜಮಾನ ಕರವಸ್ತ್ರ ತೆಗೆದು, ಆ ತುಟಿ ತಾಗಿದ ಜಾಗ ಒರೆಸಿಕೊಂಡ. ಸಭೆಯೆಲ್ಲ ನಕ್ಕಿತು. ನೀವೂ ನಕ್ಕಿರಿ. ನಾನು ಎದ್ದು ಹೊರಗೆ ಬಂದೆ.

ನಮ್ಮೂರ ದೊಡ್ಡಾಟದಲ್ಲೂ ಬಣ್ಣ ಬಳಿಯುತ್ತಿದ್ದರು. ರಾಕ್ಷಸ ವೇಷ ಕಂಡರೆ ಹೆದರುತ್ತಿದ್ದೆವು. ಯಾರಿಗೂ ಹೇಸಿಗೆಯಾಗುತ್ತಿರಲಿಲ್ಲ.

ಎರಡು ದಿನ ಬಿಟ್ಟು ಮುದುಕಿ ಬಾಗಿಲು ತಟ್ಟಿದಳು. ಮತ್ತೊಂದು ಪ್ರದರ್ಶನವಂತೆ. ಅವಳ ಅಜ್ಜನ ಫೋಟೋ ಪಕ್ಕ ನಾನು ಸೀರೆ ಉಟ್ಟು ಕೈಮುಗಿದು ನಿಲ್ಲಬೇಕಂತೆ. ನಿಮ್ಮಮ್ಮ ಅದನ್ನು ನನಗೆ ಕನ್ನಡದಲ್ಲಿ ಹೇಳಿ, "ಹೂಂ ಅನ್ನವ್ವಾ. ಐದ್ ಮಿನಿಟ್ ನಿಂತ್ರ ಆತು. ಮಾತಾಡೂದ ಬ್ಯಾಡ" ಎಂದಳು.

"ಮಾತಾಡದ ಆಳು ಒಬ್ಬಾಂವ ಅದಾನಲ್ಲ, ಇನ್ನೊಬ್ಬಾಕಿ ಯಾಕ ಬೇಕು?"

"ಪಾಪ, ವಯಸ್ಸಾದಾಕಿ. ಬ್ಯಾಸರ ಮಾಡ್ಕೋತಾಳ."

"ಮಾಡ್ಕೊಳ್ಳಲಿ. ಆ ಬೂಟು ಒರಿಸ್ಕೊಂಡದ್ದು ನಂಗ ಹೊಲಸ ಅನಿಸ್ತು ಅಂತ ಹೇಳು."

ನಿಮ್ಮಮ್ಮ ಹೇಳಲಿಲ್ಲ. "ಶೀ ಈಸ್ ಶೈ" ಎಂದು ನಕ್ಕುಬಿಟ್ಟಳು.

ಆಗ ನಾನೇ ಮುದುಕಿಯ ಕಡೆ ತಿರುಗಿದೆ. "ನಾಟ್ ಶೈ. ದಟ್ ಪಿಕ್ಚರ್, ಡರ್ಟಿ. ಐ ನಾಟ್ ಕಮ್" ಎಂದೆ. ಅವಳ ಮುಖ ಬಾಡಿತು, ಹೊರಟುಹೋದಳು. ಈಗ ಲಿಫ್ಟಿನಲ್ಲಿ ಸಿಕ್ಕರೆ ಬಟನ್ನುಗಳನ್ನೇ ನೋಡುತ್ತಾ ನಿಲ್ಲುತ್ತಾಳೆ. ಕೆಟ್ಟದೆನಿಸುತ್ತದೆ. ಆದರೂ ಆ ಕರವಸ್ತ್ರ ನೆನಪಾದರೆ ಇವತ್ತಿಗೂ ಊಟದ ತಟ್ಟೆ ಪಕ್ಕಕ್ಕೆ ಸರಿಸಿ ಎದ್ದುಬಿಡುತ್ತೇನೆ.

ಆ ರೀಲನ್ನು ಎಲ್ಲೋ ತಣ್ಣನೆಯ ಕೋಣೆಯಲ್ಲಿ ಕೂಸಿನಂತೆ ಕಾಪಾಡುತ್ತಾರಂತೆ. ಇನ್ನೂ ನೂರು ವರ್ಷ ಆ ಯಜಮಾನ ಬೂಟು ಒರೆಸಿಕೊಳ್ಳುತ್ತಲೇ ಇರುತ್ತಾನೆ. ನಾನು ಬರೆದದ್ದು ಇಷ್ಟು ಹಾಳೆ ಮಾತ್ರ. ಭಾನುವಾರದ ಕನ್ನಡ ಶಾಲೆಯಲ್ಲಿ ನೀವಿನ್ನೂ ಒತ್ತಕ್ಷರದಲ್ಲಿದ್ದೀರಿ. ಓದಲು ಬರುವ ತನಕ ಎಸೆಯಬೇಡಿ ಮಕ್ಕಳೇ, ನೀರು ತಾಗದ ಕಡೆ ಇಟ್ಟುಕೊಳ್ಳಿ.