ದೊಡ್ಡಮ್ಮನ ಮೂಕಿ ಹೀರೋ

ಮೊನ್ನೆ ನನಗೆ ಕಿವಿನೋವು ಬಂದಿತ್ತು. ಹೆಂಡತಿ ಎಣ್ಣೆಗೆ ಬೆಳ್ಳುಳ್ಳಿ ಜಜ್ಜಿ ಹಾಕಿ ಕಾಯಿಸಿದಳು. ಆ ವಾಸನೆ ಮೂಗಿಗೆ ಬಡಿದದ್ದೇ ತಡ, ಚಾಮರಾಜಪೇಟೆಯ ಎದುರುಮನೆ ದೊಡ್ಡಮ್ಮ ನೆನಪಾದರು. ಚಿಕ್ಕವರಿದ್ದಾಗಲೇ ಜ್ವರ ಬಂದು ಅವರ ಕಿವಿ ಪೂರ್ತಿ ಹೋಗಿತ್ತು. ಅರವತ್ತು ದಾಟಿದ ಮೇಲೂ ಚಳಿಗಾಲ ಬಂದರೆ ಅದೇ ಎಣ್ಣೆಯಲ್ಲಿ ಅದ್ದಿದ ಹತ್ತಿ ಕಿವಿಯಲ್ಲಿರುತ್ತಿತ್ತು. ಯಾವ ಆಸೆಯಿಂದಲೋ…

ಅವರು ರವಿಕೆ ಹೊಲಿದು ಬದುಕುತ್ತಿದ್ದರು. ತುಟಿ ನೋಡಿಯೇ ಮಾತು ತಿಳಿಯುತ್ತಿದ್ದರು. ಬೀದಿಯ ಆ ತುದಿಯಲ್ಲಿ ಯಾರು ಯಾರನ್ನು ಬೈದರೂ ಅವರಿಗೆ ಗೊತ್ತಾಗುತ್ತಿತ್ತು! ಸಿನಿಮಾಕ್ಕೆ ಮಾತ್ರ ಹೋಗುತ್ತಿರಲಿಲ್ಲ. ಮೂಕಿ ಚಿತ್ರಗಳ ಕಾಲದಲ್ಲಿ ತಮ್ಮ ಅಪ್ಪನ ಜೊತೆ ಒಂದನ್ನೂ ಬಿಡುತ್ತಿರಲಿಲ್ಲವಂತೆ. "ಮಾತು ಬಂದ್ಮೇಲೆ ಬೆನ್ನು ತಿರುಗಿಸ್ಕೊಂಡು ಮಾತಾಡೋಕೆ ಶುರು ಮಾಡಿದ್ರು ಕಣೋ. ನಾನೇನು ನೋಡ್ಲಿ?" ಎನ್ನುತ್ತಿದ್ದರು.

ಆಗ ನಾನು ಬಿ.ಎ. ಓದುತ್ತಿದ್ದೆ. ಬಸವನಗುಡಿಯಲ್ಲಿ ಗೆಳೆಯರದೊಂದು ಫಿಲಂ ಸೊಸೈಟಿ ಇತ್ತು. ಅಲ್ಲಿಗೆ ಒಂದು ಮೂಕಿ ಚಿತ್ರ ಬಂದಾಗ ದೊಡ್ಡಮ್ಮನನ್ನು ಕರೆದುಕೊಂಡು ಹೋದೆ. ನಾಯಕ ರಷ್ಯಾದವನು. ಕ್ರಾಂತಿಗೆ ಮೊದಲು ಅವನ ಫೋಟೋಗಳಿಗೆ ಅಲ್ಲಿಯ ಹುಡುಗಿಯರು ಮುಗಿಬೀಳುತ್ತಿದ್ದರಂತೆ. ಆಮೇಲೆ ದೇಶ ಬಿಟ್ಟು ಜರ್ಮನಿಗೆ ಬಂದ. ಮೂಕಿಗೆ ಭಾಷೆಯ ತೊಡಕೆಲ್ಲಿ? ನಾಯಕಿ ಅವಳ ಭಾಷೆಯಲ್ಲಿ, ಇವನು ರಷ್ಯನ್ನಿನಲ್ಲಿ ಮಾತಾಡಿದರೂ ಪ್ರೇಮ ಸುಗಮವಾಗಿ ನಡೆಯುತ್ತಿತ್ತು. ಮಾತಾಡುವ ಟಾಕಿ ಬಂದಾಗ ಜರ್ಮನ್ನಿಗೆ ಇವನ ನಾಲಿಗೆ ಹೊರಳಲಿಲ್ಲ. ಮತ್ತೆ ಯಾರೂ ಕರೆಯಲಿಲ್ಲ. ಸೊಸೈಟಿಯವರು ಹೇಳಿದ್ದನ್ನು ನಾನು ತುಟಿಯಾಡಿಸಿ ತಿಳಿಸಿದಾಗ ದೊಡ್ಡಮ್ಮ, "ನೋಡು, ಟಾಕಿ ಬಂತು, ಅವ್ನೂ ಮನೆಗೆ, ನಾನೂ ಮನೆಗೆ" ಎಂದರು.

ಕೊನೆಯ ದೃಶ್ಯದಲ್ಲಿ ಅವನು ನಾಯಕಿಯ ಮುಂದೆ ಮಂಡಿಯೂರಿ ಏನೋ ಹೇಳುತ್ತಾನೆ. 'ನಿನಗಾಗಿ ಪ್ರಾಣ ಕೊಡುತ್ತೇನೆ' ಎಂದು ಪರದೆಯ ಮೇಲೆ ಇಂಗ್ಲಿಷಿನಲ್ಲಿ ಬಂತು. ನಾನು ಅರ್ಥ ಹೇಳಿದೆ. ದೊಡ್ಡಮ್ಮ ಒಪ್ಪಲಿಲ್ಲ.

"ಪ್ರಾಣ ಕೊಡೋನ ಬಾಯಿ ಹಾಗೆ ಆಡಲ್ಲ. ಬೇರೆ ಏನೋ ಅಂತಿದಾನೆ."

ಅದೇನೆಂದು ತಿಳಿಯದೆ ಅವರಿಗೆ ಸಮಾಧಾನವಿಲ್ಲ. ವಿಶ್ವೇಶ್ವರಪುರಂನಲ್ಲಿ ರಷ್ಯನ್ ಕಲಿಸುವ ಮೇಷ್ಟರೊಬ್ಬರಿದ್ದರು. ದೊಡ್ಡಮ್ಮ ಪಾಠಕ್ಕೆ ಸೇರಿಯೇಬಿಟ್ಟರು. ಅರವತ್ತಕ್ಕೆ ಅರಳು ಮರಳು ಎಂದು ಬೀದಿ ನಕ್ಕಿತು. ಅವರು ಮೇಷ್ಟರ ಬಾಯನ್ನೇ ನೋಡಿ ಕಲಿತು, ಮನೆಗೆ ಬಂದು ಕನ್ನಡಿ ಮುಂದೆ ತುಟಿಯಾಡಿಸುತ್ತಿದ್ದರು. ರವಿಕೆ ಕೊಡಲು ಬಂದವರು ಹೆದರಿ ಓಡಬೇಕು!

ಎರಡು ವರ್ಷದ ಮೇಲೆ, ನನ್ನ ಕಾಟ ತಡೆಯಲಾರದೆ, ಸೊಸೈಟಿಯವರು ಆ ಚಿತ್ರವನ್ನು ಮತ್ತೆ ತರಿಸಿದರು. ದೊಡ್ಡಮ್ಮ ಮುಂದಿನ ಸಾಲಿನಲ್ಲಿ ಕೂತರು. ನಾಯಕ ಮಂಡಿಯೂರಿದ, ತುಟಿ ಆಡಿತು. ದೊಡ್ಡಮ್ಮನ ಭುಜ ಅಲುಗಿತು. ನಗುತ್ತಿದ್ದರು. ತಮ್ಮ ದನಿ ತಮಗೇ ಕೇಳದ ಅವರು ಹಾಲೆಲ್ಲ ತಿರುಗಿ ನೋಡುವಂತೆ, "ಎದ್ದೇಳಪ್ಪಾ, ಸಾಕು!" ಎಂದು ಕೂಗಿದರು.

ಹೊರಗೆ ಬಂದ ಮೇಲೆ ಕಣ್ಣೊರೆಸಿಕೊಂಡರು. "ಮಂಡಿ ನೋಯ್ತಿದೆ, ಬೇಗ ಮುಗಿಸಿ ಅಂದ ಕಣೋ." ಸ್ವಲ್ಪ ದೂರ ನಡೆದು, "ಪಾಪ, ವಯಸ್ಸಾಗಿತ್ತು ಅವ್ನಿಗೆ" ಎಂದರು. ಹೊಲಿಗೆ ಮೆಷಿನ್ನು ತುಳಿದು ಅವರ ಮಂಡಿಯೂ ಸವೆದಿತ್ತು. ಅವನು ನಿಜವಾಗಿ ಹಾಗೆಂದನೋ, ಇವರಿಗೆ ಹಾಗೆ ಕಂಡಿತೋ… ನಾನು ಕೇಳಲಿಲ್ಲ. ಅಷ್ಟು ಖುಷಿಯಾಗಿದ್ದರು.

ಅವರು ಹೋಗಿ ಎಷ್ಟೋ ವರ್ಷಗಳಾದವು. ಮೊನ್ನೆ ಕಿವಿಗೆ ಹತ್ತಿ ಇಟ್ಟುಕೊಂಡು ಮೊಬೈಲಿನಲ್ಲಿ ಆ ಚಿತ್ರ ಹುಡುಕಿದೆ. ಸಿಕ್ಕಿತು. ಯಾರೋ ಸಂಗೀತ ಸೇರಿಸಿದ್ದರು, ಅದನ್ನು ನಿಲ್ಲಿಸಿದೆ. ಅವನು ಮಂಡಿಯೂರಿ ಅದೇ ಮಾತು ಹೇಳಿದ. ನನಗೆ ಏನೂ ತಿಳಿಯಲಿಲ್ಲ. "ಎದ್ದೇಳಪ್ಪಾ, ಸಾಕು" ಎಂದೆ. ನನ್ನ ತುಟಿ ನೋಡಿ ನಗಲು ದೊಡ್ಡಮ್ಮ ಇರಲಿಲ್ಲ.