ಅನ್ನದಾನಮ್ಮನನ್ನು ಕಾಲಿಗೆ ಬೀಳಿಸಿದ ಪುಸ್ತಕ

ಉಜ್ಜಿನಪ್ಪ ಮಾಸ್ತರ ಸಮಗ್ರ ಸಂಪುಟದ ಸಂಪಾದಕ ಮಂಡಳಿಯವರು ಕೊಟ್ಟೂರಿನ ನಾಟಕದ ಕಲಾವಿದೆ ಅನ್ನದಾನಮ್ಮನಿಗೆ ಒಂದು ಉತ್ತರ ಬಾಕಿ ಇಟ್ಟುಕೊಂಡಿದ್ದಾರೆ. ಅವಳು ಕೇಳಿದ್ದು ಸಣ್ಣ ಪ್ರಶ್ನೆ: ನಾಟಕದ ಕೊನೆಯ ದೃಶ್ಯ ಯಾಕೆ ಬದಲಾಯಿತು? ಪುಸ್ತಕ ಬಂದು ಎರಡು ಸುಗ್ಗಿ ಕಳೆದರೂ ಯಾರೂ ಬಾಯಿ ಬಿಟ್ಟಿಲ್ಲ.

ನಮ್ಮ ಕಡೆ ಊರ ಗಂಡಸರೇ ಸೇರಿ ನಾಟಕ ಆಡುತ್ತಾರೆ. ಹೆಣ್ಣು ಪಾತ್ರಕ್ಕೆ ಮಾತ್ರ ಹೊರಗಿನ ಕಲಾವಿದೆಯರನ್ನು ಕರೆಸುತ್ತಾರೆ. ಹಾಗೆ ಹೋಗಿ ಹೋಗಿ ಹಡಗಲಿಯಿಂದ ಉಚ್ಚಂಗಿದುರ್ಗದವರೆಗೆ ಅನ್ನದಾನಮ್ಮ ತುಳಿಯದ ಸ್ಟೇಜಿಲ್ಲ. ಈಗ ಮೊಣಕಾಲು ಸವೆದಿದೆ, ದನಿ ಸವೆದಿಲ್ಲ. ಅವಳಿಗೆ ಅನ್ನ ಹಾಕಿದ ಪಾತ್ರ ‘ದುರ್ಗದ ಸೊಸೆ’ ನಾಟಕದ ಶಿವಗಂಗೆ. ಬರೆದವರು ಹೊಸಹಳ್ಳಿಯ ಉಜ್ಜಿನಪ್ಪ ಮಾಸ್ತರು. ಬದುಕಿದ್ದಾಗ ಅವರ ಒಂದು ಹಾಳೆಯೂ ಅಚ್ಚಾಗಲಿಲ್ಲ. ಸತ್ತು ಎಷ್ಟೋ ವರ್ಷವಾದ ಮೇಲೆ ಈಗ ಅವರಿಗೆ ಜಯಂತಿ, ವಿಚಾರ ಸಂಕಿರಣ, ದಪ್ಪ ರಟ್ಟಿನ ಸಮಗ್ರ ಸಂಪುಟ.

ಕತೆ ಇಷ್ಟೇ. ಗೌಡನ ಮನೆಯಲ್ಲಿ ಒಡವೆ ಕಳವಾಗುತ್ತದೆ. ಕದ್ದವನು ಮಗ, ಬೈಸಿಕೊಂಡವಳು ಸೊಸೆ ಶಿವಗಂಗೆ. ನಿಜ ಹೊರಬಿದ್ದ ಮೇಲೆ ಗೌಡ, ಆದದ್ದಾಯಿತು ಒಳಗೆ ನಡಿ ಅನ್ನುತ್ತಾನೆ. ಶಿವಗಂಗೆ ಬೀಗದ ಕೈ ಗೊಂಚಲು ಅವನ ಮುಂದೆ ಒಗೆದು, ಸ್ಟೇಜಿನಿಂದ ಇಳಿದು, ಕೂತ ಜನರ ನಡುವೆಯೇ ನಡೆದು ಹೋಗಿಬಿಡುತ್ತಾಳೆ. ಹೆಂಗಸರು ಮಕ್ಕಳನ್ನು ತೊಡೆಗೆ ಎಳೆದುಕೊಂಡು ದಾರಿ ಬಿಡುತ್ತಿದ್ದರು.

ಆದರೆ ಆಗ ನಾಟಕ ಆಡಲು ಲೈಸೆನ್ಸ್ ಬೇಕಿತ್ತು, ಬರೆದದ್ದನ್ನು ಸರ್ಕಾರಿ ಕಚೇರಿಗೆ ಕೊಟ್ಟು ಸೀಲು ಹಾಕಿಸಬೇಕಿತ್ತು. ಗೌಡನಿಗೆ ಎದುರು ನಿಲ್ಲುವ ಸೊಸೆಗೆ ಸೀಲು ಹಾಕುವವರು ಯಾರು? ಮಾಸ್ತರು ಹೆದರಿದರು. ಕಚೇರಿಗೆಂದೇ ಬೇರೆ ಕೊನೆ ಬರೆದರು: ಶಿವಗಂಗೆ ಮಾವನ ಕಾಲಿಗೆ ಬಿದ್ದು ತಪ್ಪು ನನ್ನದೇ ಅನ್ನುತ್ತಾಳೆ. ನಿಜವಾದ ಕೊನೆಯನ್ನು ಕಾಗದಕ್ಕೆ ಹಾಕದೆ ತಾಲೀಮಿನಲ್ಲಿ ಬಾಯಿಂದಲೇ ಕಲಿಸಿದರು. ಸಾಹೇಬರಿಗೆ ಒಂದು, ಜನಕ್ಕೆ ಒಂದು.

ಸಂಪಾದಕರು ಹರಪನಹಳ್ಳಿಯ ನಿವೃತ್ತ ಮೇಷ್ಟ್ರು ಗುರುಬಸವರಾಜ. ಸೋಮಾರಿಯಲ್ಲ, ಮೋಸಗಾರರೂ ಅಲ್ಲ. ದಫ್ತರಗಳ ಧೂಳು ಕುಡಿದು ಆ ಸೀಲಿನ ಪ್ರತಿ ಹುಡುಕಿ ತಂದರು. ಆಡುವವರ ಬಾಯಲ್ಲಿರುವುದು ಊರಿಗೊಂದು ಥರ, ಸಹಿ ಇರುವುದೇ ಶುದ್ಧ ಎಂದು ತೀರ್ಮಾನಿಸಿದರು. ಹೆದರಿದವನ ಸಹಿ ಅದು ಎಂದು ಅವರಿಗೆ ಹೊಳೆಯಲಿಲ್ಲ.

ಹಡಗಲಿಯಲ್ಲಿ ಬಿಡುಗಡೆಯ ದಿನ ಅನ್ನದಾನಮ್ಮನಿಗೂ ಶಾಲು ಹೊದಿಸಿದರು. ಅವಳು ಅಲ್ಲೇ ‘ದುರ್ಗದ ಸೊಸೆ’ಯ ಕೊನೆಯ ಪುಟ ತೆರೆದು ನೋಡಿದಳು.

‘ಸರ್, ಇದು ಕೊನಿ ಸೀನಲ್ಲರಿ.’

‘ಸೀಲು ಐತಿ, ಮಾಸ್ತರ ಸಹಿ ಐತಿ. ನಿಮ್ಮ ಮಾತಿಗೆ ಆಧಾರ ಏನೈತಿ ಅಮ್ಮಾ?’

‘ಆಧಾರ ನಾನೇ ಅದೀನಲ್ರಿ, ನೀವು ಹೊದಿಸಿದ ಶಾಲು ಹೊದ್ಕಂಡು.’

ಸುತ್ತಲಿದ್ದವರು ನಕ್ಕರು. ಮೇಷ್ಟ್ರೂ ನಕ್ಕು, ಮಂಡಳಿಯ ಮುಂದೆ ಇಡ್ತೀನಿ ಅಂದರು. ಎಲ್ಲಿಟ್ಟರೋ.

ಪುಸ್ತಕ ಊರೂರಿಗೆ ಹೋಯಿತು. ತಂಬ್ರಹಳ್ಳಿಯಲ್ಲಿ ನಾಟಕ ಕಲಿಸುವ ಕೊಟ್ರಸ್ವಾಮಿ ಅದನ್ನು ಕಂಕುಳಲ್ಲಿಟ್ಟುಕೊಂಡೇ ತಾಲೀಮು ನಡೆಸಿದ.

‘ಅಮ್ಮಾರ, ಪುಸ್ತಕದಾಗ ಬಿದ್ದಾಳ. ನೀವೂ ಬೀಳ್ರಿ.’

‘ಮೂವತ್ತು ವರ್ಷ ಎದ್ದು ಹೋಗೀನೋ ಯಪ್ಪಾ.’

‘ಅದು ತಪ್ಪಂತ ಈಗ ಗೊತ್ತಾಗೇತಲ್ರಿ.’

ಗೌಡನ ಪಾತ್ರ ಗೊಬ್ಬರದ ಅಂಗಡಿಯ ನಾಗೇಂದ್ರಪ್ಪನದು. ಮೈಕು, ಶಾಮಿಯಾನ ಎಲ್ಲ ಅವನ ಖರ್ಚು. ಅವನಿಗೆ ಹೊಸ ಕೊನೆ ಬಹಳ ಹಿಡಿಸಿತು. ‘ದೊಡ್ಡೋರು ಬರದಿದ್ದನ್ನ ನಾವ್ಯಾಕ ಕೆಡಿಸಬೇಕು’ ಎಂದು ಎರಡು ಸಲ ಅಂದ.

ಒಲ್ಲೆ ಅಂದರೆ ಕೂಡ್ಲಿಗಿಯಿಂದ ಇನ್ನೊಬ್ಬಳು ಬರುತ್ತಾಳೆ. ನಾಟಕದ ರಾತ್ರಿ ಅನ್ನದಾನಮ್ಮ ಬಿದ್ದಳು. ಹಣೆ ಹಲಗೆಗೆ, ಕೈ ನಾಗೇಂದ್ರಪ್ಪನ ಕಾಲ ಜೋಡಿನ ಮೇಲೆ. ಪರದೆಯ ಹಗ್ಗ ರಾಟೆಯಲ್ಲಿ ಸಿಕ್ಕಿಕೊಂಡಿತು. ಪರದೆ ಬೀಳುವವರೆಗೆ ಏಳುವಂತಿಲ್ಲ. ಮುಂದೆ ಕೂತಿದ್ದ ಎರ್ರೆಮ್ಮ ಎಂಬ ಮುದುಕಿ ಕೂಗಿದಳು:

‘ಏ ಅನ್ನದಾನಿ, ಯಾಕ ಬಿದ್ದೀಯೇ? ಏಳು! ಇಗಾ, ದಾರಿ ಬಿಟ್ಟೀವಿ!’

ಅವಳು ಏಳಲಿಲ್ಲ. ನಾಗೇಂದ್ರಪ್ಪ ಮಾತ್ರ ಮೀಸೆ ತಿರುವುತ್ತಾ ನಿಂತೇ ಇದ್ದ. ಹಗ್ಗ ಬಿಡಿಸಿಕೊಂಡು ಪರದೆ ಬಿದ್ದಾಗ ಅವಳನ್ನು ಇಬ್ಬರು ಹಿಡಿದು ಎಬ್ಬಿಸಬೇಕಾಯಿತು.

ಆಮೇಲೆ ಅವಳು ಹೋದಲ್ಲೆಲ್ಲ ಬೀಳುತ್ತಿದ್ದಾಳೆ. ಸಂಕಿರಣಗಳಲ್ಲಿ ಶಿವಗಂಗೆ ಸಹನೆಯ ಮೂರ್ತಿ ಎಂದು ಪ್ರಬಂಧ ಓದುತ್ತಿದ್ದಾರೆ. ಹೋದ ತಿಂಗಳು ಬಸ್‌ಸ್ಟ್ಯಾಂಡಿನಲ್ಲಿ ಸಿಕ್ಕಾಗ ನನಗೆ ಅಂದಳು: ‘ಎಲ್ಲದಕ್ಕೂ ಧರಣಿ ಕೂಡ್ತೀರಲ್ಲ ಅಣ್ಣಾ, ಇದಕ್ಕೂ ಒಂದು ಕೂಡ್ರಿ. ಮೊಣಕಾಲು ತಡಿಯವಲ್ದು. ಮನಸಿನ ನೋವಂತೂ ಬ್ಯಾರೆ.’

ಸಂಪುಟದ ಎರಡನೇ ಮುದ್ರಣ ಅಚ್ಚಿಗೆ ಹೋಗಲಿದೆ. ಐದು ತಾಲ್ಲೂಕಿನಲ್ಲಿ ಶಿವಗಂಗೆ ತಮ್ಮ ಚಾಪೆಯ ಪಕ್ಕದಲ್ಲೇ ನಡೆದು ಹೋದದ್ದನ್ನು ಕಂಡವರು ಸಾವಿರಾರು ಜನ ಇದ್ದೀರಿ. ಸುಮ್ಮನಿದ್ದರೆ ನೀವು ಕಂಡದ್ದೂ ಸುಳ್ಳಾಗುತ್ತದೆ. ಹರಪನಹಳ್ಳಿಗೆ ಹೋಗಿ ಆ ಮಂಡಳಿಯವರ ಎದುರು ನಿಂತು ಹೇಳಿ. ಅಲ್ಲಿಯವರೆಗೆ ನಿಮ್ಮೂರಲ್ಲಿ ಈ ನಾಟಕ ಇಟ್ಟರೆ, ಅನ್ನದಾನಮ್ಮನನ್ನು ಬೀಳಿಸಬೇಡಿ.