ಇಟ್ಟಿಗೆಯ ಮೇಲೆ ನಿಂತ ಜೀಪು

ಹಂಸಭಾವಿಯಲ್ಲಿರುವ ನನ್ನ ಸೋದರಮಾವನ ಹಳೆಯ ಜೀಪಿನ ಫ್ಲೈವೀಲ್ ಸವೆದಿತ್ತು. ಎಂಜಿನ್ನಿನ ಬೆನ್ನಿಗಿರುವ ಆ ಭಾರದ ಚಕ್ರದ ಅಂಚಿನ ಹಲ್ಲುಗಳು ನುಣ್ಣಗಾಗಿ, ಸ್ಟಾರ್ಟರ್ ಕಚ್ಚುತ್ತಿರಲಿಲ್ಲ. ಹಾಗಾಗಿ ಮಾವ ಜೀಪನ್ನು ಯಾವಾಗಲೂ ಮನೆ ಮುಂದಿನ ಇಳಿಜಾರಿನಲ್ಲೇ ನಿಲ್ಲಿಸುತ್ತಿದ್ದ. ಬೆಳಿಗ್ಗೆ ಕೆಳಗೆ ಉರುಳಿಸಿ ಕ್ಲಚ್ ಬಿಟ್ಟರೆ ಎಂಜಿನ್ ಹತ್ತಿಕೊಳ್ಳುತ್ತಿತ್ತು. ಹ್ಯಾಂಡ್‌ಬ್ರೇಕಿನ ತಂತಿ ಎಂದೋ ಕಡಿದಿತ್ತು. ಗಾಡಿಯನ್ನು ಗೇರಿನಲ್ಲಿ ಬಿಡುವುದೇ ನಮ್ಮ ಕಡೆಯವರ ಬ್ರೇಕು.

ಫ್ಲೈವೀಲ್ ಬದಲಿಸಲು ಸವಣೂರಿನ ಮಿಸ್ತ್ರಿ ಮನೆಗೇ ಬಂದ. ಮೊದಲು ಗಾಡಿಯನ್ನು ಸಪಾಟು ಜಾಗಕ್ಕೆ ಒಯ್ಯೋಣ ಎಂದ. ಮಾವ ನಕ್ಕುಬಿಟ್ಟ.

“ಫಸ್ಟ್ ಗೇರಿನ್ಯಾಗ ಐತಿ. ಆನಿ ಬಂದು ನೂಕಿದ್ರೂ ಸರಿಯಂಗಿಲ್ಲ.”

“ಆನಿ ಬಂದ್ರ ನಾ ಕೆಳಗಿಂದ ಎದ್ದು ಓಡತೇನ್ರಿ ಸಾವ್ಕಾರ್ರ,” ಎಂದ ಮಿಸ್ತ್ರಿ, ಮುಂದಿನ ಚಕ್ರಕ್ಕೆ ಒಂದು ಇಟ್ಟಿಗೆ ಕೊಟ್ಟು ಜೀಪಿನಡಿ ತೂರಿದ.

ಫ್ಲೈವೀಲ್ ಕೈಗೆ ಸಿಗಬೇಕಾದರೆ ಗೇರ್‌ಬಾಕ್ಸ್ ಇಳಿಸಬೇಕು. ಅದಕ್ಕೂ ಮೊದಲು, ಅದನ್ನು ಹಿಂದಿನ ಚಕ್ರಗಳಿಗೆ ಜೋಡಿಸುವ ಶಾಫ್ಟ್ ಬಿಚ್ಚಬೇಕು. ಶಾಫ್ಟ್ ಕಳಚಿದೊಡನೆ ಗೇರಿನ ಹಿಡಿತ ಹೋಯಿತು. ಆಮೇಲೆ ಜೀಪು ನಿಂತಿದ್ದು ಆ ಒಂದು ಇಟ್ಟಿಗೆಯ ಮೇಲೆ. ಮಿಸ್ತ್ರಿ ಗೇರ್‌ಬಾಕ್ಸನ್ನು ಜ್ಯಾಕಿನ ಮೇಲೆ ಕೂರಿಸಿ ಅಲುಗಿಸುತ್ತಿದ್ದಾಗ ಇಟ್ಟಿಗೆ ಪುಡಿಯಾಯಿತು. ಆ ಸದ್ದು ಈಗಲೂ ಕಿವಿಯಲ್ಲಿದೆ, ಕಡಕ್ ರೊಟ್ಟಿ ಮುರಿದಷ್ಟೇ ಸಣ್ಣದು.

ಜೀಪು ಸರಿಯಿತು. ನಾನೂ ಮಾವನೂ ಮುಂದೆ ನುಗ್ಗಿ ಬಾನೆಟ್ಟಿಗೆ ಭುಜ ಕೊಟ್ಟೆವು. ಅದು ನಿಂತಿತು.

“ಹಿಂದ ನೂಕಬ್ಯಾಡ್ರಿ,” ಎಂದ ಮಿಸ್ತ್ರಿ ಕೆಳಗಿನಿಂದ. “ಜ್ಯಾಕ್ ವಾಲೇತಿ. ಗೇರ್‌ಬಾಕ್ಸ್ ಎದಿ ಮ್ಯಾಲ ಬೀಳತೈತಿ. ಹಂಗ ಹಿಡೀರಿ.”

ಹಿಡಿದೆವು. ಕಾಲಡಿಯ ಗರಸು ಮಣ್ಣು ಜಾರುತ್ತಿತ್ತು. ಮಾವ ನೆರೆಯವರನ್ನು ಕೂಗುತ್ತಿದ್ದ. ನಾನು ಪದೇ ಪದೇ ಆರಾಮ ಇದ್ದೀರಾ ಎಂದು ಕೇಳುತ್ತಿದ್ದೆ, ಮಿಸ್ತ್ರಿ ಕೆಳಗಿನಿಂದ ಹ್ಞೂಂ ಎನ್ನುತ್ತಿದ್ದ. ಮಂದಿ ಬಂದು ಚಕ್ರಗಳಿಗೆ ಕಲ್ಲು ಕೊಟ್ಟು, ಗೇರ್‌ಬಾಕ್ಸನ್ನು ಪಕ್ಕಕ್ಕೆ ಇಳಿಸಿ, ಅವನ ರಟ್ಟೆ ಹಿಡಿದು ಎಳೆದರು. ಅವನು ಬರಲಿಲ್ಲ. ಹಿಂದಿನ ಚಕ್ರ ಅವನ ಪಾದದ ಮೇಲೆ ನಿಂತಿತ್ತು, ಮೊದಲಿನಿಂದಲೂ.

“ಹೇಳಬಾರದನೋ?” ಎಂದ ಮಾವ.

“ಹೇಳಿದ್ರ ನೂಕತಿದ್ರಿ.”

ನೆರೆಯವರ ಗಾಡಿಯಲ್ಲಿ ಹಿರೇಕೆರೂರಿನ ದವಾಖಾನೆ ಮುಟ್ಟುವವರೆಗೂ ಆ ಪಾದ ನನ್ನ ತೊಡೆಯ ಮೇಲಿತ್ತು. ಬೆರಳು ಅಲುಗಾಡಿಸಿ ನೋಡಿ ಎಂದೆ.

“ಅಲುಗಾಡಸಾಕತ್ತೇನ್ರಿ,” ಎಂದ, ಕಣ್ಣು ಮುಚ್ಚಿಕೊಂಡೇ.

ಒಂದು ಬೆರಳೂ ಅಲುಗಾಡುತ್ತಿರಲಿಲ್ಲ.